ಬಣ್ಣ ಬದಿಗಿಡಿ, ಕಾಲು ಎಣಿಸಿ: ಮನೆ ಮತ್ತು ಹಿತ್ತಲಿನ ಕೀಟ, ಜೇಡಗಳನ್ನು ಗುರುತಿಸುವ ಬಗೆ

ಗೋಡೆಯ ಮೇಲೆ ಏನೋ ಹರಿದಾಡಿದರೆ ಮೊದಲು ಕಣ್ಣಿಗೆ ಬೀಳುವುದು ಅದರ ಬಣ್ಣ, ಆಮೇಲೆ ಗಾತ್ರ. ಗುರುತಿಸುವ ಕೆಲಸದಲ್ಲಿ ಹೆಚ್ಚು ದಾರಿ ತಪ್ಪಿಸುವುದೂ ಈ ಎರಡೇ. ಒಂದೇ ಪ್ರಭೇದದ ಹುಳು ಮರಿಯಾಗಿದ್ದಾಗ ಒಂದು ಬಣ್ಣ, ಬೆಳೆದ ಮೇಲೆ ಇನ್ನೊಂದು ಬಣ್ಣ ಇರಬಹುದು. ಆಗಷ್ಟೇ ಪೊರೆ ಕಳಚಿದ ಜಿರಳೆ ಹಾಲಿನಂತೆ ಬೆಳ್ಳಗಿರುತ್ತದೆ, ಕೆಲವೇ ಗಂಟೆಗಳಲ್ಲಿ ಕಂದಾಗುತ್ತದೆ. ಅದು ಹೊಸ ಜಾತಿಯೂ ಅಲ್ಲ, ರೋಗವೂ ಅಲ್ಲ. ಹಾಗಾಗಿ ಮೈಯ ಕಟ್ಟನ್ನು ನೋಡಿ: ಕಾಲು ಎಷ್ಟು, ಮೈ ಎಷ್ಟು ಭಾಗ, ರೆಕ್ಕೆ ಎಷ್ಟು, ಮೀಸೆ ಹೇಗಿದೆ. ಇದು ಸುಮ್ಮನೆ ಕುತೂಹಲ ತಣಿಸುವ ಕೆಲಸವಲ್ಲ. ಗೆದ್ದಲಿಗೆ ಮಾಡುವ ಉಪಾಯ ಇರುವೆಗೆ ಒಗ್ಗುವುದಿಲ್ಲ, ತಿಗಣೆಗೆ ಮಾಡುವುದು ಕಾರ್ಪೆಟ್ ದುಂಬಿಗೆ ನಾಟುವುದಿಲ್ಲ. ಹೆಸರು ತಿಳಿಯುವ ಮೊದಲೇ ಔಷಧಿ ಸಿಂಪಡಿಸುವವರು ಬಹಳ ಸಲ ಜಿರಳೆ ತಿನ್ನುವ ಜೇಡವನ್ನು ಕೊಂದು ಜಿರಳೆಯನ್ನು ಉಳಿಸಿಕೊಳ್ಳುತ್ತಾರೆ.

ನೋಡುವ ಕ್ರಮ

ಕಾಲಿನಿಂದ ಶುರು ಮಾಡಿ. ಆರು ಕಾಲು, ಒಂದು ಜೊತೆ ಮೀಸೆ, ತಲೆ-ಎದೆ-ಹೊಟ್ಟೆ ಎಂಬ ಮೂರು ಭಾಗ ಇದ್ದರೆ ಕೀಟ. ಎಂಟು ಕಾಲು, ಮೀಸೆ ಇಲ್ಲ, ಮೈ ಎರಡೇ ಭಾಗ, ನಡುವೆ ಸಣ್ಣ ಸೊಂಟ ಇದ್ದರೆ ಜೇಡ. ಎಂಟು ಕಾಲಿದ್ದು ಮೈ ಒಂದೇ ಉಂಡೆಯಂತಿದ್ದರೆ ಉಣ್ಣೆ (ಟಿಕ್) ಅಥವಾ ನುಸಿಯ (ಮೈಟ್) ಗುಂಪು. ಉದ್ದ ಮೈಯ ಪ್ರತಿ ಗೆಣ್ಣಿಗೂ ಒಂದು ಜೊತೆ ಕಾಲಿದ್ದರೆ ಜರಿ, ಹೆಚ್ಚಿನ ಗೆಣ್ಣುಗಳಲ್ಲಿ ಎರಡೆರಡು ಜೊತೆ ಇದ್ದರೆ ಸಹಸ್ರಪದಿ.

ಎಣಿಕೆ ತಪ್ಪುವುದಕ್ಕೆ ಕಾರಣಗಳಿವೆ. ಜೇಡದ ಬಾಯಿಯ ಎರಡೂ ಬದಿಗೆ ಗಿಡ್ಡ ಕಾಲಿನಂಥ ಪೆಡಿಪಾಲ್ಪ್‌ಗಳಿರುತ್ತವೆ. ಅವನ್ನೂ ಎಣಿಸಿದರೆ ಹತ್ತು ಕಾಲು ಅನ್ನಿಸುತ್ತದೆ. ಕೀಟಕ್ಕೂ ಜೇಡಕ್ಕೂ ಕಾಲು ಉದುರಿಹೋಗುವುದು ಸಾಮಾನ್ಯ, ಆದ್ದರಿಂದ ಕಾಲು ಹುಟ್ಟುವ ಬುಡವನ್ನು ಎಣಿಸಿ. ಉಣ್ಣೆಯ ಮೊದಲ ಹಂತದ ಮರಿಗೆ ಆರೇ ಕಾಲು. ಚಿಟ್ಟೆ, ಪತಂಗಗಳ ಮರಿಹುಳುವಿಗೆ ಎದೆಯ ಆರು ಕಾಲಿನ ಜೊತೆಗೆ ಹೊಟ್ಟೆಯ ಕೆಳಗೆ ಮೆತ್ತನೆಯ ಹುಸಿಗಾಲುಗಳೂ ಇರುತ್ತವೆ.

ಕೀಟ ಎಂದು ಗೊತ್ತಾದ ಮೇಲೆ ರೆಕ್ಕೆ ನೋಡಿ. ಬೆನ್ನಿನ ಮೇಲೆ ಗಟ್ಟಿ ಹೊದಿಕೆಗಳೆರಡು ನಡುವೆ ನೇರ ಗೆರೆಯಲ್ಲಿ ಕೂಡಿದರೆ ದುಂಬಿಯ ಗಣ. ಮುಂದಿನ ರೆಕ್ಕೆಗಳ ತುದಿ ಒಂದರ ಮೇಲೊಂದು ಬಂದು, ಭುಜದ ನಡುವೆ ತ್ರಿಕೋನದ ಫಲಕ ಕಂಡರೆ ತಿಗಣೆ ಗಣದ ಹುಳು. ದುಂಬಿ ಕಚ್ಚಿ ತಿನ್ನುತ್ತದೆ, ತಿಗಣೆ ಗಣದ್ದು ಸೂಜಿಯಂಥ ಕೊಳವೆ ಚುಚ್ಚಿ ಹೀರುತ್ತದೆ. ಅನುಮಾನ ಬಂದರೆ ಮಗುಚಿ ನೋಡಿ, ಆ ಕೊಳವೆ ಎದೆಯ ಕೆಳಗೆ ಮಡಚಿಕೊಂಡಿರುತ್ತದೆ. ಎರಡೇ ರೆಕ್ಕೆ ಇದ್ದು, ಹಿಂದಿನ ರೆಕ್ಕೆಯ ಜಾಗದಲ್ಲಿ ಸಣ್ಣ ಗದೆಯಂಥ ಗುಬುಟು ಇದ್ದರೆ ಅದು ನೊಣ-ಸೊಳ್ಳೆಗಳ ಗಣ. ನಾಲ್ಕು ಪಾರದರ್ಶಕ ರೆಕ್ಕೆ ಮತ್ತು ಸಣ್ಣ ಸೊಂಟ ಇದ್ದರೆ ಸಾಮಾನ್ಯವಾಗಿ ಕಣಜ, ಜೇನು, ಇರುವೆಗಳ ಗಣ. ರೆಕ್ಕೆಯಿಂದ ಪುಡಿ ಉದುರಿದರೆ ಚಿಟ್ಟೆ ಅಥವಾ ಪತಂಗ: ಮೀಸೆಯ ತುದಿ ಗುಂಡಗೆ ಉಬ್ಬಿದ್ದರೆ ಚಿಟ್ಟೆ, ದಾರದಂತೆ ಅಥವಾ ಗರಿಯಂತಿದ್ದರೆ ಹೆಚ್ಚಿನಂಶ ಪತಂಗ.

ರೆಕ್ಕೆ ಇಲ್ಲವೆಂದರೆ ಅದು ರೆಕ್ಕೆಯಿಲ್ಲದ ಜಾತಿಯೇ ಆಗಬೇಕಿಲ್ಲ. ಜಿರಳೆ, ಮಿಡತೆ, ತಿಗಣೆ ಗಣದ ಹುಳುಗಳ ಮರಿ ನೋಡಲು ದೊಡ್ಡವುಗಳಂತೆಯೇ ಇದ್ದರೂ ರೆಕ್ಕೆ ಇರುವುದಿಲ್ಲ. ಇದು ಮರಿಯೋ ದೊಡ್ಡದೋ ಎಂಬ ಪ್ರಶ್ನೆಯನ್ನು ಯಾವಾಗಲೂ ಜೊತೆಗಿಟ್ಟುಕೊಳ್ಳಿ.

ಹಿಡಿಯುವುದು, ಫೋಟೊ ತೆಗೆಯುವುದು

ಅಗಲ ಬಾಯಿಯ ಪಾರದರ್ಶಕ ಲೋಟ, ಅಂಚೆ ಕಾರ್ಡಿನಷ್ಟು ದಪ್ಪದ ಕಾಗದ, 10 ಪಟ್ಟು ದೊಡ್ಡದಾಗಿ ತೋರಿಸುವ ಕೈ ಲೆನ್ಸ್, ಟಾರ್ಚ್, ಮಿಲಿಮೀಟರ್ ಗುರುತಿರುವ ಸ್ಕೇಲು ಇದ್ದರೆ ಸಾಕು. ಲೋಟವನ್ನು ಹುಳುವಿನ ಮೇಲೆ ಮಗುಚಿ, ಕಾಗದವನ್ನು ನಿಧಾನವಾಗಿ ಕೆಳಗೆ ತೂರಿಸಿ. ಅವಸರ ಮಾಡಿದರೆ ಜೇಡದ ಕಾಲು ಅಂಚಿಗೆ ಸಿಕ್ಕಿ ಮುರಿಯುತ್ತದೆ. ಚುರುಕಾಗಿ ಓಡುವ ಹುಳುವನ್ನು ಮುಚ್ಚಳದ ಡಬ್ಬಿಯಲ್ಲಿ ಹಾಕಿ ಫ್ರಿಜ್ಜಿನಲ್ಲಿ 5ರಿಂದ 10 ನಿಮಿಷ ಇಟ್ಟರೆ ಚಲನೆ ನಿಧಾನವಾಗುತ್ತದೆ, ಹೊರಗೆ ತೆಗೆದ ಮೇಲೆ ಚೇತರಿಸಿಕೊಳ್ಳುತ್ತದೆ. ಫ್ರೀಜರ್‌ನಲ್ಲಿ ಇಟ್ಟರೆ ಸಾಯುತ್ತದೆ.

ಲೆನ್ಸನ್ನು ಹುಳುವಿನ ಹತ್ತಿರ ಹಿಡಿದು ದೂರದಿಂದ ಬಗ್ಗಿ ನೋಡುವುದು ಸಾಮಾನ್ಯ ತಪ್ಪು. ಲೆನ್ಸ್ ಕಣ್ಣಿಗೆ ತಾಗುವಷ್ಟು ಹತ್ತಿರವಿರಲಿ. ಡಬ್ಬಿಯನ್ನು ಮೇಲೆತ್ತುತ್ತ ಬನ್ನಿ, ಸುಮಾರು ಎರಡೂವರೆ ಸೆಂಟಿಮೀಟರ್ ದೂರದಲ್ಲಿ ಚಿತ್ರ ಸ್ಪಷ್ಟವಾಗುತ್ತದೆ. ಬೆಳಕು ಪಕ್ಕದಿಂದ ಬೀಳಬೇಕು. ನೇರ ಮೇಲಿಂದ ಬಿದ್ದರೆ ಹೊಳಪು ಹೆಚ್ಚಾಗಿ ಬೆನ್ನಿನ ಗೆರೆ, ಚುಕ್ಕೆಗಳೆಲ್ಲ ಅಳಿಸಿಹೋಗುತ್ತವೆ.

ಫೋಟೊ ಒಂದೇ ಸಾಲದು. ಮೇಲಿನಿಂದ, ಪಕ್ಕದಿಂದ, ಮುಖದ ನೇರಕ್ಕೆ ತೆಗೆಯಿರಿ, ಗಾಜಿನ ಮೂಲಕ ಹೊಟ್ಟೆಯ ಕೆಳಭಾಗವನ್ನೂ ತೆಗೆಯಿರಿ. ಒಂದರಲ್ಲಾದರೂ ಸ್ಕೇಲು ಇರಲಿ. ಜೇಡವಾದರೆ ಬಲೆಯ ಫೋಟೊ, ಮರಿಹುಳುವಾದರೆ ಅದು ತಿನ್ನುತ್ತಿದ್ದ ಗಿಡದ ಎಲೆಯ ಫೋಟೊ ಜೊತೆಗಿರಲಿ. ಗಿಡದ ಹೆಸರು ಗೊತ್ತಾದರೆ ಮರಿಹುಳುವಿನ ಹೆಸರಿಗೆ ಅರ್ಧ ದಾರಿ ಸವೆಸಿದಂತೆ. ಹುಳುವನ್ನು ಅಂಟು ಟೇಪಿನಲ್ಲಿ ಹಿಡಿದು ಫೋಟೊ ಕಳಿಸುವವರು ಬಹಳ. ಅದರಿಂದ ಗುರುತಿಗೆ ಬೇಕಾದ ಕೂದಲು, ಹುರುಪೆ, ಮೀಸೆ ಮೂರೂ ಹಾಳಾಗುತ್ತವೆ.

ಮನೆಯೊಳಗಿನವು

ಜಿರಳೆಗಳಲ್ಲಿ ಎರಡನ್ನು ಬೇರೆ ಮಾಡುವುದು ಕಲಿತರೆ ಬಹುಪಾಲು ಕೆಲಸವಾಗುತ್ತದೆ. 12ರಿಂದ 15 ಮಿ.ಮೀ. ಉದ್ದ, ತಿಳಿ ಕಂದು, ತಲೆಯ ಹಿಂದಿನ ಗುರಾಣಿಯಂಥ ಫಲಕದ ಮೇಲೆ ಎರಡು ಕಪ್ಪು ಗೆರೆ ಇದ್ದರೆ ಜರ್ಮನ್ ಜಿರಳೆ. ಸುಮಾರು 35ರಿಂದ 40 ಮಿ.ಮೀ., ಕೆಂಗಂದು, ಫಲಕದ ಅಂಚಿಗೆ ಹಳದಿ ಪಟ್ಟಿ ಇದ್ದರೆ ಅಮೆರಿಕನ್ ಜಿರಳೆ. ಜರ್ಮನ್ ಜಿರಳೆ ಮೊಟ್ಟೆಚೀಲವನ್ನು ಮರಿಯಾಗುವವರೆಗೂ ಹೊಟ್ಟೆಯ ತುದಿಯಲ್ಲಿ ಹೊತ್ತು ತಿರುಗುತ್ತದೆ, ಒಂದೊಂದರಲ್ಲಿ 30ರಿಂದ 40 ಮೊಟ್ಟೆ. ಅದರ ಬೀಡು ಅಡುಗೆಮನೆಯ ಕಪಾಟಿನ ಸಂದಿ, ಫ್ರಿಜ್ಜಿನ ಮೋಟರಿನ ಹಿಂದಿನ ಬೆಚ್ಚನೆಯ ಜಾಗ. ಅಮೆರಿಕನ್ ಜಿರಳೆ ಹೆಚ್ಚಾಗಿ ಚರಂಡಿ, ಒಳಚರಂಡಿ ಕೊಳವೆಗಳಿಂದ ಬರುತ್ತದೆ. ಮೊದಲನೆಯದಕ್ಕೆ ಕಪಾಟಿನೊಳಗೆ ವಿಷದ ಜೆಲ್ ಇಡಬೇಕು, ಎರಡನೆಯದಕ್ಕೆ ಕೊಳವೆಗಳಿಗೆ ಜಾಲರಿ ಹಾಕಬೇಕು. ಹೆಸರುಗಳನ್ನು ನಂಬಿ ಊರು ಹುಡುಕಬೇಡಿ: ಅಮೆರಿಕನ್ ಜಿರಳೆಯ ಮೂಲ ಆಫ್ರಿಕಾ. ಜರ್ಮನ್ ಜಿರಳೆ ಸುಮಾರು 2,100 ವರ್ಷಗಳ ಹಿಂದೆ ದಕ್ಷಿಣ ಏಷ್ಯಾದ ಕಡೆ ಏಷ್ಯನ್ ಜಿರಳೆಯಿಂದ ಕವಲೊಡೆಯಿತೆಂದು 2024ರಲ್ಲಿ ಪ್ರಕಟವಾದ ವಂಶವಾಹಿ ಅಧ್ಯಯನ ತೋರಿಸಿತು.

ತಿಗಣೆ ಗುರುತಿಸುವಾಗ ಆಗುವಷ್ಟು ತಪ್ಪು ಬೇರೆ ಯಾವುದರಲ್ಲೂ ಆಗಲಿಕ್ಕಿಲ್ಲ. ಬೆಳೆದ ತಿಗಣೆ 4ರಿಂದ 5 ಮಿ.ಮೀ., ಹಸಿದಾಗ ಹಾಳೆಯಂತೆ ಚಪ್ಪಟೆ, ಕೆಂಗಂದು, ರೆಕ್ಕೆಯಿಲ್ಲ, ಮೀಸೆಗೆ ನಾಲ್ಕು ಗೆಣ್ಣು. ರಕ್ತ ಕುಡಿದ ಮೇಲೆ ಉದ್ದವಾಗಿ, ಉಬ್ಬಿ, ಹೆಚ್ಚು ಕೆಂಪಾಗುತ್ತದೆ. ಇಲ್ಲೇ ಜನ ಅದನ್ನು ಬೇರೆ ಹುಳು ಅಂದುಕೊಳ್ಳುವುದು. ಮರಿ ಒಣಹುಲ್ಲಿನ ಬಣ್ಣದ್ದು, ರಕ್ತ ಕುಡಿದಾಗ ಹೊಟ್ಟೆಯ ನಡುವೆ ಕೆಂಪು ಚುಕ್ಕೆ ಕಾಣುತ್ತದೆ. ಎಂಟು ಕಾಲಿದ್ದು ಮೀಸೆ ಇಲ್ಲದಿದ್ದರೆ ಉಣ್ಣೆ. ಗುಂಡಗೆ, ಬೆನ್ನಿನ ಮೇಲೆ ಬಿಳಿ-ಹಳದಿ-ಕಂದು ಹುರುಪೆಯ ಚಿತ್ತಾರ, ನಡುವೆ ನೇರ ಗೆರೆ ಇದ್ದರೆ ಕಾರ್ಪೆಟ್ ದುಂಬಿ. ಅದರ ಮರಿಹುಳು ಮೈತುಂಬ ಕೂದಲಿರುವ, ಪಟ್ಟೆ ಪಟ್ಟೆಯ ಹುಳು. ಉಣ್ಣೆಬಟ್ಟೆ, ಸತ್ತ ಕೀಟಗಳನ್ನು ತಿನ್ನುತ್ತದೆಯೇ ಹೊರತು ರಕ್ತ ಕುಡಿಯುವುದಿಲ್ಲ. 1ರಿಂದ 2 ಮಿ.ಮೀ., ಮೆತ್ತಗೆ, ಮಾಸಲು ಬಿಳಿ, ಉದ್ದ ಮೀಸೆಯ ಹುಳು ಹಳೇ ಪುಸ್ತಕ, ತೇವದ ಗೋಡೆಯ ಮೇಲೆ ಓಡಾಡಿದರೆ ಪುಸ್ತಕದ ಹೇನು. ಅದರ ಆಹಾರ ಬೂಸ್ಟು, ತೇವ ಆರಿಸಿದರೆ ಅದೂ ಹೋಗುತ್ತದೆ. ತಿಗಣೆಯ ಅನುಮಾನವಿದ್ದರೆ ಹಾಸಿಗೆಯ ಹೊಲಿಗೆ, ಮಂಚದ ಸೇರುವೆಗಳನ್ನು ಟಾರ್ಚ್ ಹಿಡಿದು ನೋಡಿ, ಸಂದಿಯಲ್ಲಿ ತೆಳು ಕಾರ್ಡು ಎಳೆಯಿರಿ. ಶಾಯಿ ಹನಿಸಿದಂಥ ಕಪ್ಪು ಚುಕ್ಕೆ, ಕಳಚಿದ ಪೊರೆ, ಸುಮಾರು 1 ಮಿ.ಮೀ. ಬಿಳಿ ಮೊಟ್ಟೆ ಸಿಕ್ಕರೆ ಅದು ತಿಗಣೆಯೇ. ಮೈಮೇಲಿನ ಕಡಿತದ ಗುರುತು ನೋಡಿ ತಿಗಣೆ ಎಂದು ತೀರ್ಮಾನಿಸಬೇಡಿ. ಒಂದೇ ಹುಳುವಿನ ಕಡಿತಕ್ಕೆ ಒಬ್ಬೊಬ್ಬರ ಚರ್ಮ ಒಂದೊಂದು ಥರ ಊದುತ್ತದೆ, ಕೆಲವರಿಗೆ ಏನೂ ಆಗುವುದಿಲ್ಲ.

ಮೊದಲ ಮಳೆಯ ಸಂಜೆ ದೀಪಕ್ಕೆ ಮುತ್ತುವ ರೆಕ್ಕೆಹುಳುಗಳು ಗೆದ್ದಲೋ ರೆಕ್ಕೆಯಿರುವೆಯೋ ಎಂಬುದನ್ನು ಲೆನ್ಸಿಲ್ಲದೆಯೂ ಹೇಳಬಹುದು. ಸೊಂಟ ನೋಡಿ: ಇರುವೆಗೆ ದಾರ ಬಿಗಿದಂಥ ಸೊಂಟ, ಗೆದ್ದಲಿಗೆ ಎದೆಯಿಂದ ಹೊಟ್ಟೆಯವರೆಗೆ ಒಂದೇ ಅಗಲ. ಇರುವೆಯ ಮೀಸೆ ಮೊಣಕೈಯಂತೆ ಬಾಗಿದೆ, ಗೆದ್ದಲಿನದು ಮಣಿ ಪೋಣಿಸಿದಂತೆ ನೇರ. ಗೆದ್ದಲಿನ ನಾಲ್ಕೂ ರೆಕ್ಕೆ ಸರಿಸಮ ಉದ್ದ, ಇರುವೆಯ ಮುಂದಿನ ಜೊತೆ ದೊಡ್ಡದು. ಕಿಟಕಿಯ ಬಳಿ ಒಂದೇ ಅಳತೆಯ ರೆಕ್ಕೆಗಳ ರಾಶಿ ಮಾತ್ರ ಬಿದ್ದಿದ್ದರೂ ಗೆದ್ದಲು ಎನ್ನಬಹುದು. ಗೋಡೆಯ ಮೇಲೆ ಮಣ್ಣಿನ ಕೊಳವೆ ಏರಿದ್ದರೆ ಅದು ನೆಲದಿಂದ ಬಂದ ಗೆದ್ದಲು. ಮಣ್ಣಿಲ್ಲದೆ, ಮರದ ಕೆಳಗೆ ಗಸಗಸೆಯಂಥ ಆರು ಮುಖದ ಹಿಕ್ಕೆ ಬಿದ್ದಿದ್ದರೆ ಒಣಮರದ ಗೆದ್ದಲು, ಅದು ಮರದ ಒಳಗೇ ಬದುಕುವುದರಿಂದ ನೆಲಕ್ಕೆ ಔಷಧಿ ಹಾಕಿ ಪ್ರಯೋಜನವಿಲ್ಲ. ಟಾಲ್ಕಂ ಪೌಡರಿನಷ್ಟು ನುಣ್ಣನೆ ಪುಡಿ, 1ರಿಂದ 3 ಮಿ.ಮೀ. ದುಂಡನೆ ತೂತು ಇದ್ದರೆ ಗೆದ್ದಲೇ ಅಲ್ಲ, ಮರ ಕೊರೆಯುವ ದುಂಬಿ.

ಕಾಳು-ಹಿಟ್ಟಿನ ಡಬ್ಬಿಯಲ್ಲಿ ಸಿಕ್ಕ ಹುಳುವಿಗೆ ಸೊಂಡಿಲಿದ್ದರೆ ಸೊಂಡಿಲ ಹುಳು. ಅಕ್ಕಿಯ ಸೊಂಡಿಲ ಹುಳುವಿನ ಬೆನ್ನಿನ ಮೇಲೆ ನಾಲ್ಕು ಮಬ್ಬು ಕೆಂಪು ಮಚ್ಚೆ ಇರುತ್ತವೆ. ಸೊಂಡಿಲಿಲ್ಲದೆ, ಚಪ್ಪಟೆ, 3ರಿಂದ 4 ಮಿ.ಮೀ., ಕೆಂಗಂದು ಹುಳು ಹಿಟ್ಟಿನಲ್ಲಿದ್ದರೆ ಹಿಟ್ಟಿನ ಕೆಂಪು ದುಂಬಿ. ಸಿಲಿಂಡರಿನಂಥ ಮೈ, ಮೇಲಿನಿಂದ ನೋಡಿದರೆ ತಲೆಯೇ ಕಾಣದಿದ್ದರೆ ಕಾಳು ಕೊರಕ. ಬೇಳೆಕಾಳಿನ ಸಿಪ್ಪೆಗೆ ಬಿಳಿ ಚುಕ್ಕೆ ಅಂಟಿ, ಪಕ್ಕದಲ್ಲಿ ದುಂಡು ತೂತಿದ್ದರೆ ಕಾಳಿನ ದುಂಬಿ, ಆ ಚುಕ್ಕೆಗಳೇ ಅದರ ಮೊಟ್ಟೆ.

ಸಣ್ಣ ನೊಣಗಳಲ್ಲಿ ಹುಟ್ಟುವ ಜಾಗ ಹಿಡಿದರೆ ಹೆಸರೂ ಸಿಗುತ್ತದೆ. ಕೆಂಪು ಕಣ್ಣಿನ, ಹಣ್ಣಿಗೆ ಮುತ್ತುವುದು ಹಣ್ಣಿನ ನೊಣ. ರೆಕ್ಕೆಯ ತುಂಬ ಕೂದಲಿದ್ದು ಪುಟ್ಟ ಪತಂಗದಂತೆ ಬಚ್ಚಲ ಗೋಡೆಗೆ ಕೂತದ್ದು ಬಚ್ಚಲ ನೊಣ. ಕುಂಡದ ಮಣ್ಣಿನಿಂದ ಏಳುವ, ಉದ್ದ ಕಾಲಿನ ಕಪ್ಪು ನೊಣ ಬೂಸ್ಟು ತಿನ್ನುವ ಜಾತಿ. ಬಚ್ಚಲ ನೊಣದ ಅನುಮಾನವಿದ್ದರೆ ನೀರು ಹೋಗುವ ಕಿಂಡಿಯ ಮೇಲೆ ಅಂಟು ಕೆಳಗಾಗಿ ಟೇಪಿನ ಪಟ್ಟಿ ಹಚ್ಚಿ ರಾತ್ರಿಯಿಡೀ ಬಿಡಿ, ಗಾಳಿಯಾಡಲು ಬದಿಯಲ್ಲಿ ಸ್ವಲ್ಪ ಜಾಗವಿರಲಿ. ಬೆಳಗ್ಗೆ ಟೇಪಿಗೆ ನೊಣ ಅಂಟಿದ್ದರೆ ಹುಟ್ಟುವ ಜಾಗ ಅದೇ.

ಸೊಳ್ಳೆ ಕೂರುವ ಭಂಗಿ ನೋಡಿ. ಬಾಲ ಮೇಲೆತ್ತಿ ಓರೆಯಾಗಿ ಕೂತರೆ ಅನಾಫಿಲಿಸ್. ಗೋಡೆಗೆ ಸಮಾಂತರವಾಗಿ ಕೂತ ಕಂದು ಸೊಳ್ಳೆ ಕ್ಯೂಲೆಕ್ಸ್ ಆಗಿರುವುದೇ ಹೆಚ್ಚು. ಕಪ್ಪು ಮೈ, ಕಾಲಿಗೆ ಬಿಳಿ ಪಟ್ಟೆ ಇದ್ದರೆ ಈಡಿಸ್ ಇರಬೇಕು: ಎದೆಯ ಮೇಲೆ ಬಾಗಿದ ಬಿಳಿ ಗೆರೆಗಳ ಜೋಡಿ ಇದ್ದರೆ ಈಡಿಸ್ ಈಜಿಪ್ಟೈ, ನಡುವೆ ಒಂದೇ ನೇರ ಬಿಳಿ ಗೆರೆ ಇದ್ದರೆ ಈಡಿಸ್ ಆಲ್ಬೊಪಿಕ್ಟಸ್. ಮೀಸೆ ಗರಿಯಂತೆ ದಟ್ಟವಾಗಿದ್ದರೆ ಗಂಡು, ಅದು ಕಚ್ಚುವುದಿಲ್ಲ.

ಇರುವೆಗಳಲ್ಲಿ ಸೊಂಟದ ಗಂಟು ಒಂದೋ ಎರಡೋ ಎಂದು ಎಣಿಸಿ. ಸುಮಾರು 2 ಮಿ.ಮೀ., ಹಳದಿ, ಎರಡು ಗಂಟು, ಮೀಸೆಯ ತುದಿಯ ಮೂರು ಗೆಣ್ಣು ದಪ್ಪಗಿದ್ದರೆ ಫೇರೋ ಇರುವೆ. ಇದಕ್ಕೆ ಸ್ಪ್ರೇ ಹೊಡೆದರೆ ಗೂಡು ಒಡೆದು ಹಲವು ಗೂಡಾಗುತ್ತದೆ, ವಿಷ ಬೆರೆಸಿದ ಆಹಾರವೇ ಸರಿ.

ಜೇಡಗಳು

ಜೇಡಕ್ಕೆ ಮೊದಲು ಕಣ್ಣು, ಆಮೇಲೆ ಬಲೆ, ಕೊನೆಗೆ ಬಣ್ಣ. ಹೆಚ್ಚಿನ ಜೇಡಗಳಿಗೆ ಎಂಟು ಕಣ್ಣು, ಅವುಗಳ ಜೋಡಣೆಯಿಂದಲೇ ಕುಟುಂಬ ತಿಳಿಯುತ್ತದೆ. ಮುಖದ ಮುಂದೆ ಎರಡು ದೊಡ್ಡ ಕಣ್ಣು ನೇರ ನಿಮ್ಮನ್ನೇ ನೋಡುತ್ತಿದ್ದರೆ ಜಿಗಿಯುವ ಜೇಡ. ಕೆಳಗೆ ನಾಲ್ಕು ಸಣ್ಣ, ಮೇಲೆ ಎರಡು ದೊಡ್ಡ, ಹಿಂದೆ ಇನ್ನೆರಡು ಇದ್ದರೆ ತೋಳ ಜೇಡ. ಟಾರ್ಚನ್ನು ಹಣೆಯ ಹತ್ತಿರ ಹಿಡಿದು ರಾತ್ರಿ ಹುಲ್ಲಿನ ಮೇಲೆ ಬೆಳಕು ಹಾಯಿಸಿದರೆ ತೋಳ ಜೇಡಗಳ ಕಣ್ಣು ಹೊಳೆಯುತ್ತವೆ. ಟಾರ್ಚನ್ನು ಸೊಂಟದ ಎತ್ತರದಲ್ಲಿ ಹಿಡಿದರೆ ಹೊಳಪು ಕಾಣದು, ಬೆಳಕು ಬಂದ ದಾರಿಯಲ್ಲೇ ಹಿಂತಿರುಗುತ್ತದೆ. ಆರು ಕಣ್ಣು ಷಟ್ಕೋನದಲ್ಲಿ, ಕಾಲಿನ ತುಂಬ ನೀಳ ಮುಳ್ಳು ಇದ್ದರೆ ಲಿಂಕ್ಸ್ ಜೇಡ, ಉಳಿದೆರಡು ಕಣ್ಣು ಕೆಳಗೆ ಸಣ್ಣಗಿರುತ್ತವೆ.

ಮೊಟ್ಟೆಚೀಲ ಹೊರುವ ರೀತಿಯೂ ಒಳ್ಳೆಯ ಗುರುತು. ಹೊಟ್ಟೆಯ ತುದಿಗೆ ಅಂಟಿಸಿಕೊಂಡಿದ್ದರೆ, ಅಥವಾ ಬೆನ್ನ ಮೇಲೆ ಮರಿಗಳು ಕೂತಿದ್ದರೆ ತೋಳ ಜೇಡ. ಎದೆಯ ಕೆಳಗೆ ಚಪ್ಪಟೆ ಬಿಲ್ಲೆಯಂಥ ಚೀಲ ಹಿಡಿದು ಗೋಡೆಯ ಮೇಲೆ ಕೂತ ದೊಡ್ಡ ಜೇಡ ಹೆಟೆರೊಪೊಡಾ ವೆನಟೋರಿಯಾ. ಕಾಲು ಚಾಚಿದರೆ ಅಂಗೈ ಅಗಲ, ಮೈ ಚಪ್ಪಟೆ, ಕಾಲುಗಳು ಏಡಿಯಂತೆ ಪಕ್ಕಕ್ಕೆ ಚಾಚಿರುತ್ತವೆ, ಮುಖದ ಕೆಳಗೆ ಮಾಸಲು ಬಿಳಿ ಪಟ್ಟಿ. ಬಲೆ ಕಟ್ಟುವುದಿಲ್ಲ, ರಾತ್ರಿ ಜಿರಳೆ ಬೇಟೆಯಾಡುತ್ತದೆ. ಬಚ್ಚಲಲ್ಲಿ ಅದನ್ನು ಕಂಡವರು ಹೆದರಿ ಪೊರಕೆ ಹುಡುಕುವುದೇ ಹೆಚ್ಚು, ಆದರೆ ಅದನ್ನು ಹಾಗೆಯೇ ಬಿಡುವುದು ಒಳ್ಳೆಯದು.

ಮೂಲೆಯಲ್ಲಿ ತಲೆಕೆಳಗಾಗಿ ನೇತಾಡುವ, ಕೂದಲಿನಂಥ ಕಾಲಿನ ಜೇಡದ ಬಲೆಯನ್ನು ಮೆಲ್ಲಗೆ ಮುಟ್ಟಿ. ಇಡೀ ಮೈಯನ್ನು ಗಿರಗಿರನೆ ಸುತ್ತಿಸಿದರೆ ಫೋಲ್ಸಿಡೇ ಕುಟುಂಬದ್ದು. ತೋಟದಲ್ಲಿ ಚಕ್ರದಂಥ ಬಲೆಯ ನಡುವೆ ಬಿಳಿ ಅಂಕುಡೊಂಕು ಪಟ್ಟಿಗಳಿದ್ದು, ಕಾಲುಗಳನ್ನು ಎರಡೆರಡಾಗಿ ಜೋಡಿಸಿ ಗುಣಾಕಾರ ಚಿಹ್ನೆಯಂತೆ ಕೂತದ್ದು ಆರ್ಜಿಯೋಪಿ.

ವಿಷದ ವಿಷಯದಲ್ಲಿ ಜಾಗ್ರತೆ ಬೇಕಾದದ್ದು ಲ್ಯಾಟ್ರೊಡೆಕ್ಟಸ್ (ವಿಡೋ ಜೇಡ) ಜಾತಿ. ಗುಂಡು ಹೊಟ್ಟೆಯ ಕೆಳಗೆ ಮರಳು ಗಡಿಯಾರದ ಆಕಾರದ ಕೆಂಪು ಅಥವಾ ಕಿತ್ತಳೆ ಗುರುತು, ಮೇಲೆ ಏನೇ ಬಣ್ಣವಿರಲಿ. ಅದರ ಕಂದು ಪ್ರಭೇದ ಬೆಚ್ಚಗಿನ ನಾಡುಗಳಲ್ಲೆಲ್ಲ ಹರಡಿದೆ, ಪ್ಲಾಸ್ಟಿಕ್ ಕುರ್ಚಿಯ ಅಡಿ, ಕುಂಡದ ಅಂಚಿನ ಕೆಳಗೆ ಗೊಂದಲದ ಬಲೆ ಕಟ್ಟುತ್ತದೆ. ಜೇಡ ಅಡಗಿದ್ದರೂ ಮೈತುಂಬ ಮುಳ್ಳಿರುವ ಗುಂಡನೆ ಮೊಟ್ಟೆಚೀಲ ಅದನ್ನು ತೋರಿಸಿಕೊಡುತ್ತದೆ. ಇಂಥ ಕಡೆ ಬರಿಗೈ ಹಾಕಬೇಡಿ. ಹಾಗೆಂದು ಚರ್ಮದ ಮೇಲಿನ ಪ್ರತಿ ಹುಣ್ಣಿಗೂ ಜೇಡವನ್ನು ದೂರಬೇಡಿ. ಕಚ್ಚಿದ ಜೇಡ ಸಿಗದೆ, ಗಾಯ ನೋಡಿ ಅದರ ಹೆಸರು ಹೇಳಲು ಬರುವುದಿಲ್ಲ.

ಮಳೆಗಾಲದ ರಾತ್ರಿ ದೀಪಕ್ಕೆ ಬರುವ ಒಂದು ದುಂಬಿಯನ್ನೂ ಇಲ್ಲೇ ಹೇಳಬೇಕು, ಅದರ ಹುಣ್ಣಿಗೂ ಅನೇಕರು ಜೇಡವನ್ನೇ ಬೈಯುತ್ತಾರೆ. ಪೆಡೆರಸ್ ಎಂಬ ಈ ದುಂಬಿ 7ರಿಂದ 10 ಮಿ.ಮೀ. ಉದ್ದ, ಇರುವೆಯಂತೆ ಕಾಣುತ್ತದೆ, ಕಪ್ಪು-ಕಿತ್ತಳೆ ಪಟ್ಟೆ, ಗಿಡ್ಡ ನೀಲಿಹಸಿರು ಹೊದಿಕೆ, ಬಾಲ ಮೇಲೆತ್ತಿ ಓಡುತ್ತದೆ. ಕಚ್ಚುವುದೂ ಇಲ್ಲ, ಕುಟುಕುವುದೂ ಇಲ್ಲ. ಮೈಮೇಲೆ ಜಜ್ಜಿದರೆ ಒಳಗಿನ ರಸ ತಾಗಿ ಒಂದೆರಡು ದಿನದಲ್ಲಿ ಚರ್ಮ ಸುಟ್ಟಂತೆ ಬೊಬ್ಬೆಯೇಳುತ್ತದೆ. ಕೂತರೆ ಊದಿ ಹಾರಿಸಿ, ಒರೆಸಿದ್ದಾಗಿದ್ದರೆ ಕೂಡಲೇ ಸೋಪಿನಿಂದ ತೊಳೆಯಿರಿ.

ವೇಷ ಹಾಕಿದವು

ಹಿತ್ತಲಲ್ಲಿ ಹಳದಿ-ಕಪ್ಪು ಪಟ್ಟೆಯದೆಲ್ಲ ಕಣಜವಲ್ಲ. ಗಾಳಿಯಲ್ಲಿ ಒಂದೇ ಕಡೆ ತೇಲಿ ನಿಂತು ಸರಕ್ಕನೆ ಪಕ್ಕಕ್ಕೆ ಸರಿಯುವ ಹೂನೊಣಕ್ಕೆ ಎರಡೇ ರೆಕ್ಕೆ, ಮೀಸೆ ಮೊಂಡು, ತಲೆಯ ತುಂಬ ಕಣ್ಣು, ಕೊಂಡಿ ಇಲ್ಲ.

ಕೆಂಪಿರುವೆ ಗೂಡಿನ ಗಿಡದಲ್ಲಿ ಒಂದೇ ಒಂಟಿ "ಇರುವೆ" ಸಾಲಿನಿಂದ ದೂರ ಓಡಾಡುತ್ತಿದ್ದರೆ ಬಗ್ಗಿ ನೋಡಿ. ಮುಂದಿನ ಜೊತೆ ಕಾಲನ್ನು ಮೀಸೆಯಂತೆ ಮೇಲೆತ್ತಿ ಆಡಿಸುತ್ತಿದೆಯೇ? ಎದೆಯಲ್ಲಿ ಒಂದು ತಗ್ಗು ಇದ್ದು ಮೂರು ಭಾಗದಂತೆ ಕಾಣುತ್ತಿದೆಯೇ? ಈಗ ಮುಖ ನೋಡಿ, ಮುಂದೆ ಎರಡು ದೊಡ್ಡ ಕಣ್ಣು. ಬೆರಳು ಹತ್ತಿರ ತಂದರೆ ಇರುವೆಯಂತೆ ಮೇಲೆ ಬಿದ್ದು ಕಚ್ಚುವ ಬದಲು ನೂಲು ಬಿಟ್ಟು ಕೆಳಕ್ಕಿಳಿಯುತ್ತದೆ. ಅದು ಮಿರ್ಮರಾಕ್ನೆ, ಇರುವೆಯ ವೇಷದ ಜಿಗಿಯುವ ಜೇಡ.

ಎಲ್ಲಿಗೆ ನಿಲ್ಲಿಸಬೇಕು

ಜಗತ್ತಿನಲ್ಲಿ ಹೆಸರಿಟ್ಟ ಜೇಡಗಳೇ 50,000ಕ್ಕೂ ಹೆಚ್ಚು, ಕೀಟಗಳು ಸುಮಾರು 10 ಲಕ್ಷ. ಎಲ್ಲವಕ್ಕೂ ಫೋಟೊದಿಂದ ಪ್ರಭೇದದ ಹೆಸರು ಸಿಗುವುದಿಲ್ಲ. ಅನೇಕ ಜೇಡಗಳನ್ನು ಪ್ರಭೇದದ ಮಟ್ಟಕ್ಕೆ ಗುರುತಿಸಲು ಬೆಳೆದ ಜೇಡದ ಜನನಾಂಗವನ್ನು ಮೈಕ್ರೊಸ್ಕೋಪಿನಡಿ ನೋಡಲೇಬೇಕು, ಮರಿ ಜೇಡದಲ್ಲಿ ಅದು ಬೆಳೆದಿರುವುದೇ ಇಲ್ಲ. ಪೆಡಿಪಾಲ್ಪಿನ ತುದಿ ಉಬ್ಬಿದ್ದರೆ ಗಂಡು ಎಂದಷ್ಟು ಹೇಳಬಹುದು. ಕುಟುಂಬದ ಹೆಸರು ಸರಿಯಾಗಿ ಹೇಳಿ ನಿಲ್ಲುವುದು ಪ್ರಭೇದದ ಹೆಸರು ಊಹಿಸಿ ತಪ್ಪುವುದಕ್ಕಿಂತ ಎಷ್ಟೋ ಉಪಯುಕ್ತ.

ಫೋಟೊ ನೋಡಿ ಹೆಸರು ಸೂಚಿಸುವ ಐನ್ಯಾಚುರಲಿಸ್ಟ್‌ನಂಥ ಆ್ಯಪ್ ಕೊಡುವ ಮೊದಲ ಸಲಹೆಯನ್ನು ಉತ್ತರ ಎಂದು ಒಪ್ಪಿಕೊಳ್ಳಬೇಡಿ. ಅದಕ್ಕೆ ಹೆಚ್ಚು ಫೋಟೊ ಸಿಕ್ಕಿರುವ ಪ್ರಭೇದಗಳ ಕಡೆಗೇ ಒಲವು, ಅಪರೂಪದ ಸ್ಥಳೀಯ ಹುಳುವಿಗೂ ಪ್ರಸಿದ್ಧ ಸೋದರನ ಹೆಸರು ಕೊಟ್ಟುಬಿಡುತ್ತದೆ. ಸಲಹೆ ಬಂದ ಪ್ರಭೇದ ನಿಮ್ಮ ಪ್ರದೇಶದಲ್ಲಿ ದಾಖಲಾಗಿದೆಯೇ ಎಂದು ನಕಾಶೆ ನೋಡಿ, ನಂತರ ಅದೇ ಜಾತಿಯ (ಪ್ರಭೇದಕ್ಕಿಂತ ಒಂದು ಮೆಟ್ಟಿಲು ಮೇಲಿನ ಗುಂಪಿನ) ಬೇರೆ ಯಾವ ಪ್ರಭೇದಗಳು ಅಲ್ಲಿವೆ, ಅವುಗಳಿಗೂ ಇದಕ್ಕೂ ಏನು ವ್ಯತ್ಯಾಸ ಎಂದು ಹುಡುಕಿ. ನಿಮ್ಮ ಫೋಟೊದಲ್ಲಿ ಆ ವ್ಯತ್ಯಾಸ ಕಾಣದಿದ್ದರೆ ಜಾತಿಯ ಹೆಸರಿಗೆ ನಿಲ್ಲಿಸಿ. ಸ್ಥಳೀಯವೋ ಹೊರಗಿನಿಂದ ಬಂದದ್ದೋ ಎಂಬ ಪ್ರಶ್ನೆ ಇದಾದ ಮೇಲಿನದು. ಮನೆಯೊಳಗೆ, ಸಾಮಾನಿನ ಜೊತೆ ಸಿಕ್ಕ ಹುಳುವಿನಲ್ಲಿ ಹೊರಗಿನದಾಗಿರುವ ಸಾಧ್ಯತೆ ಹೆಚ್ಚು, ಕಾಡುಗಿಡದ ಎಲೆಯ ಮೇಲೆ ಸಿಕ್ಕದ್ದರಲ್ಲಿ ಕಡಿಮೆ.

ತಜ್ಞರಿಗೆ ಮಾದರಿ ಕಳಿಸಬೇಕಾದರೆ ಜೇಡ, ಗೆದ್ದಲು, ಇರುವೆ, ಮರಿಹುಳುಗಳನ್ನು 70 ಶೇಕಡ ಆಲ್ಕೋಹಾಲಿನಲ್ಲಿ ಮುಳುಗಿಸಿ. ಗೆದ್ದಲಾದರೆ ದೊಡ್ಡ ತಲೆಯ ಸೈನಿಕ ಹುಳುಗಳಿರಲೇಬೇಕು, ಕೆಲಸಗಾರ ಹುಳುಗಳಿಂದ ಪ್ರಭೇದ ಹೇಳುವುದು ಕಷ್ಟ. ಚಿಟ್ಟೆ, ಪತಂಗಗಳನ್ನು ದ್ರವಕ್ಕೆ ಹಾಕಬೇಡಿ, ಹುರುಪೆ ಕಳಚುತ್ತದೆ. ಕಾಗದದ ಲಕೋಟೆಯಲ್ಲಿ ಒಣಗಿಸಿಡಿ. ದಿನಾಂಕ, ಜಾಗ, ಯಾವುದರ ಮೇಲೆ ಸಿಕ್ಕಿತು ಎಂಬುದನ್ನು ಚೀಟಿಯಲ್ಲಿ ಪೆನ್ಸಿಲ್‌ನಿಂದ ಬರೆದು ಸೀಸೆಯ ಒಳಗೇ ಹಾಕಿ. ಪೆನ್ನಿನ ಶಾಯಿ ಆಲ್ಕೋಹಾಲಿನಲ್ಲಿ ಕರಗುತ್ತದೆ, ಹೊರಗೆ ಅಂಟಿಸಿದ ಚೀಟಿ ಕಿತ್ತುಹೋಗುತ್ತದೆ.